ಗೈ ಫಾಕ್ಸ್‌ನಿಂದ ‘ಹಾಯ್ ಗೈಸ್’ವರೆಗೆ

ಇಂಗ್ಲಿಷ್ ನಿಘಂಟಿನಲ್ಲಿ ‘ಗೈ’ ಎಂಬ ಪುಟ್ಟ ಪದವನ್ನು ಹುಡುಕಿದರೆ ಒಂದಕ್ಕೊಂದು ನಂಟೇ ಕಾಣದ ಅರ್ಥಗಳು ಸಾಲಾಗಿ ಸಿಗುತ್ತವೆ. ಡೇರೆಯನ್ನೋ ಕಂಬವನ್ನೋ ಎಳೆದು ನಿಲ್ಲಿಸುವ ಹಗ್ಗ, ಹಳೆ ಬಟ್ಟೆಗೆ ಹುಲ್ಲು ತುರುಕಿ ಮಾಡಿ ಸುಡುವ ಪ್ರತಿಕೃತಿ, ವಿಕಾರವಾಗಿ ಬಟ್ಟೆ ತೊಟ್ಟು ನಗೆಪಾಟಲಾದವನು, ಒಬ್ಬ ಗಂಡಸು, ಬಹುವಚನದಲ್ಲಾದರೆ ಗಂಡು ಹೆಣ್ಣೆನ್ನದೆ ಎದುರಿಗಿರುವ ಎಲ್ಲರೂ. ‘ಗೇಲಿ ಮಾಡು’ ಎಂಬ ಅರ್ಥದ ಕ್ರಿಯಾಪದವೂ ಇದರಿಂದಲೇ ಹುಟ್ಟಿದೆ. ಅಮೆರಿಕದ ಹೋಟೆಲಿನಲ್ಲಿ ಊಟಕ್ಕೆ ಕೂತವರನ್ನು ಮಾಣಿ ವಿಚಾರಿಸುವುದು ಈ ಪದದಿಂದ. ಬೆಂಗಳೂರಿನ ಐಟಿ ಕಚೇರಿಯಲ್ಲಿ ತಂಡದ ಮುಖ್ಯಸ್ಥೆ ಮೀಟಿಂಗ್ ಶುರು ಮಾಡುವುದೂ ಇದರಿಂದಲೇ. ಅಡಿಕೆ ತೋಟದಲ್ಲಿ ನಿಂತು ಮೊಬೈಲಿಗೆ ಮಾತಾಡುವ ಕನ್ನಡದ ಹುಡುಗ ತನ್ನ ವಿಡಿಯೊ ಆರಂಭಿಸುವುದು ‘ಹಾಯ್ ಗೈಸ್’ ಎಂದು.

ಇಷ್ಟು ಸಲೀಸಾಗಿ ಬಾಯಿಗೆ ಬರುವ ಈ ಪದದ ಬಗ್ಗೆ ಇಂಗ್ಲಿಷ್ ಲೋಕದಲ್ಲಿ ಕೆಲವು ದಶಕಗಳಿಂದ ಗಂಭೀರವಾದ ವಾದವೊಂದು ನಡೆದಿದೆ. ಹೆಂಗಸರೂ ಇರುವ ಗುಂಪನ್ನು ‘ಗೈಸ್’ ಎಂದು ಕರೆಯಬಹುದೇ? ಪದದ ಮೂಲವನ್ನು ಹಿಡಿದು ಕೆಲವರು ಉತ್ತರ ಹೇಳುತ್ತಾರೆ, ಬಳಕೆಯನ್ನು ಹಿಡಿದು ಕೆಲವರು, ಕೇಳಿಸಿಕೊಳ್ಳುವವರ ಅನುಭವವನ್ನು ಹಿಡಿದು ಇನ್ನು ಕೆಲವರು. ಮೂರೂ ದಾರಿಗಳನ್ನು ನಡೆದು ನೋಡಿದರಷ್ಟೇ ಯಾವುದು ಎಲ್ಲಿಗೆ ಮುಟ್ಟಿಸುತ್ತದೆ ಎಂಬುದು ತಿಳಿದೀತು.

ಹೆಸರಾಗಿದ್ದ ಕಾಲ

ಮೊದಲಿಗೆ ಹಗ್ಗವನ್ನು ಪಕ್ಕಕ್ಕಿಡೋಣ. ಡೇರೆಯ ಹಗ್ಗಕ್ಕೆ, ಮೊಬೈಲ್ ಟವರಿನ ತಂತಿಗೆ ಹೇಳುವ ‘ಗೈ’ ಬೇರೆಯೇ ಪದ. ದಾರಿ ತೋರು ಎಂಬ ಅರ್ಥದ ಹಳೆಯ ಫ್ರೆಂಚ್ ಧಾತುವಿನಿಂದ ಹಡಗಿನವರ ಮಾತಿಗೆ ಬಂದದ್ದು ಅದು. ‘ಗೈಡ್’ ಪದದ ಬಳಗಕ್ಕೆ ಸೇರಿದ್ದು. ಬರಹದಲ್ಲೂ ಉಚ್ಚಾರದಲ್ಲೂ ಎರಡು ಒಂದಾಗಿರುವುದು ಕಾಕತಾಳೀಯ.

ನಮ್ಮ ‘ಗೈ’ ಮೂಲತಃ ಗಂಡಸಿನ ಹೆಸರು. ಜರ್ಮಾನಿಕ್ ಭಾಷೆಗಳ ‘ವಿಡೊ’ ಎಂಬ ಹೆಸರು ಇಟಲಿಯಲ್ಲಿ ‘ಗ್ವೀಡೊ’ ಆಯಿತು, ಫ್ರಾನ್ಸಿನಲ್ಲಿ ‘ಗೀ’ ಆಯಿತು. ಜರ್ಮಾನಿಕ್ ಪದಗಳ ಮೊದಲಿನ ವಕಾರ ಫ್ರೆಂಚಿಗೆ ಬಂದಾಗ ಗಕಾರವಾಗುವುದು ರೂಢಿ. ಇಂಗ್ಲಿಷರ ವಿಲಿಯಂ ಫ್ರೆಂಚರಲ್ಲಿ ಗೀಯೋಮ್ ಆಗುವುದು ಇದೇ ನಿಯಮದಿಂದ. 1066ರ ನಾರ್ಮನ್ ದಂಡಯಾತ್ರೆಯ ಕಥೆ ಹೇಳುವ ಬಾಯೊ ಕಸೂತಿಪಟದಲ್ಲಿ ಹೆರಾಲ್ಡನನ್ನು ಸೆರೆಹಿಡಿಯುವ ಪಾಂತ್ಯೂ ಪ್ರಾಂತದ ದೊರೆ ಗೈನ ಹೆಸರು ಲ್ಯಾಟಿನ್ನಿನಲ್ಲಿ ‘ವಿಡೊ’ ಎಂದೇ ಇದೆ. ನಾರ್ಮನ್ನರ ಜೊತೆ ಇಂಗ್ಲೆಂಡಿಗೆ ಬಂದ ಈ ಹೆಸರು ವಾರಿಕ್‌ನ ಗೈ ಎಂಬ ವೀರನ ಕಥೆಗಳಿಂದ ಮಧ್ಯಯುಗದಲ್ಲಿ ಮನೆಮಾತಾಯಿತು. ಅಲ್ಲಿಯವರೆಗೂ ಇದು ಗೌರವದ ಹೆಸರು.

ಅದನ್ನು ಬದಲಿಸಿದ್ದು ಒಂದು ರಾತ್ರಿ. 1605ರ ನವೆಂಬರ್ 4 ಕಳೆದು 5 ಹುಟ್ಟುವ ಹೊತ್ತಿಗೆ ಲಂಡನ್ನಿನಲ್ಲಿ ಪ್ರಭುಗಳ ಸಭೆಯ ಕೆಳಗಿನ ಕೋಣೆಯಲ್ಲಿ 36 ಪೀಪಾಯಿ ಮದ್ದುಪುಡಿಯ ಕಾವಲಿಗಿದ್ದ ಒಬ್ಬ ಸಿಕ್ಕಿಬಿದ್ದ. ಬೆಳಗಾದರೆ ಸಂಸತ್ತಿನ ಅಧಿವೇಶನ. ದೊರೆ ಒಂದನೇ ಜೇಮ್ಸ್ ಅಲ್ಲಿಗೆ ಬರುವವನಿದ್ದ. ಹಿಡಿದವರು ಕೇಳಿದಾಗ ಆತ ಜಾನ್ ಜಾನ್ಸನ್ ಎಂಬ ಸುಳ್ಳು ಹೆಸರು ಹೇಳಿದ. ನಿಜವಾಗಿ ಆತ 1570ರಲ್ಲಿ ಯಾರ್ಕ್‌ನಲ್ಲಿ ಹುಟ್ಟಿದ ಗೈ ಫಾಕ್ಸ್. ಕ್ಯಾಥೊಲಿಕ್ ಮತವನ್ನು ಅಪ್ಪಿಕೊಂಡು, ಸ್ಪೇನಿನ ಪಡೆ ಸೇರಿ, ಇಂದಿನ ಬೆಲ್ಜಿಯಂ, ಹಾಲೆಂಡ್ ಕಡೆಯ ಯುದ್ಧಭೂಮಿಯಲ್ಲಿ ಪಳಗಿದ್ದ ಸೈನಿಕ. ಅಲ್ಲಿ ಅವನು ತನ್ನನ್ನು ಗ್ವೀಡೊ ಎಂದು ಕರೆದುಕೊಳ್ಳತೊಡಗಿದ್ದ. ಸಂಚಿನ ನಾಯಕ ಅವನಲ್ಲ, ರಾಬರ್ಟ್ ಕೇಟ್ಸ್‌ಬಿ ಎಂಬವನು. ಆದರೆ ಮದ್ದಿನ ಪಕ್ಕದಲ್ಲಿ ಸಿಕ್ಕಿದ್ದು ಗೈ ಆದ್ದರಿಂದ ಜನರ ನಾಲಿಗೆಯ ಮೇಲೆ ಕೂತದ್ದು ಅವನ ಹೆಸರು.

ಬ್ರಿಟನ್ನಿನ ರಾಷ್ಟ್ರೀಯ ಪತ್ರಾಗಾರದಲ್ಲಿ ಅವನ ತಪ್ಪೊಪ್ಪಿಗೆಯ ಹೇಳಿಕೆಗಳು ಉಳಿದಿವೆ. ಚಿತ್ರಹಿಂಸೆಯ ನಂತರ ಹಾಕಿದ ಸಹಿ ನಡುಗುವ ಗೆರೆಗಳಲ್ಲಿ ‘ಗ್ವೀಡೊ’ ಎಂದು ಮಾತ್ರ ಮಸುಕಾಗಿ ಮೂಡಿ ಅಲ್ಲಿಗೇ ನಿಂತಿದೆ. ಮನೆತನದ ಹೆಸರು ಬರೆಯುವಷ್ಟು ತ್ರಾಣ ಆ ಕೈಯಲ್ಲಿ ಉಳಿದಿರಲಿಲ್ಲ. 1606ರ ಜನವರಿ 31ರಂದು ವೆಸ್ಟ್‌ಮಿನ್‌ಸ್ಟರ್‌ನಲ್ಲಿ ಅವನನ್ನು ಕೊಂದರು. ಇಂದು ಕೋಟ್ಯಂತರ ಜನ ದಿನವೂ ನೂರಾರು ಸಲ ಆಡುವ ಪದದ ಹಿಂದೆ ಹೀಗೆ ನೋವಿನಲ್ಲಿ ನಡುಗಿದ ಒಂದು ಕೈಬರಹವಿದೆ.

ಪ್ರತಿಕೃತಿಯಿಂದ ಮನುಷ್ಯನಿಗೆ

ದೊರೆ ಬದುಕಿಕೊಂಡದ್ದಕ್ಕೆ ಪ್ರತಿವರ್ಷ ನವೆಂಬರ್ 5ರಂದು ಕೃತಜ್ಞತೆ ಸಲ್ಲಿಸಬೇಕೆಂದು ಸಂಸತ್ತು ಕಾನೂನು ಮಾಡಿತು. ಆ ಕಾನೂನು ರದ್ದಾದದ್ದು 1859ರಲ್ಲಿ. ಕಾನೂನಿಗಿಂತ ಹಬ್ಬ ಗಟ್ಟಿಯಾಗಿತ್ತು. ಬೀದಿಬೀದಿಯಲ್ಲಿ ಬೆಂಕಿ ಹಾಕುವುದು, ಪಟಾಕಿ ಹೊಡೆಯುವುದು, ಪ್ರತಿಕೃತಿ ಸುಡುವುದು ರೂಢಿಯಾಯಿತು. 17ನೇ ಶತಮಾನದಲ್ಲಿ ಪೋಪ್‌ನ ಪ್ರತಿಕೃತಿಯನ್ನೂ ಸುಡುತ್ತಿದ್ದರು. ಬರಬರುತ್ತ ಆ ಜಾಗಕ್ಕೆ ಗೈ ಫಾಕ್ಸ್ ಬಂದ. ಮಕ್ಕಳು ಹರಕು ಕೋಟು, ಹಳೆ ಷರಾಯಿಗೆ ಹುಲ್ಲು, ಕಾಗದ ತುಂಬಿ, ಮುಖವಾಡ ಹಾಕಿ, ಟೋಪಿ ಇಟ್ಟು, ತಳ್ಳುಗಾಡಿಯಲ್ಲಿ ಕೂರಿಸಿಕೊಂಡು ಬೀದಿ ಸುತ್ತಿ ಗೈ ಹೆಸರಿನಲ್ಲಿ ಪಟಾಕಿಗೆ ಕಾಸು ಕೇಳುತ್ತಿದ್ದರು. ಹೋಳಿಯ ಹೊತ್ತಿಗೆ ಹುಬ್ಬಳ್ಳಿ, ಧಾರವಾಡದ ಓಣಿಗಳಲ್ಲಿ ಹುಡುಗರು ಕಾಮಣ್ಣನ ಹೆಸರಿನಲ್ಲಿ ಕಟ್ಟಿಗೆ, ಕುಳ್ಳು, ದುಡ್ಡು ಕೂಡಿಸುವುದನ್ನು ಕಂಡವರಿಗೆ ಆ ಸಡಗರ ಹೇಗಿದ್ದಿರಬಹುದೆಂದು ಬಿಡಿಸಿ ಹೇಳಬೇಕಿಲ್ಲ.

ಪದದ ಮೊದಲ ಜಿಗಿತ ನಡೆದದ್ದು ಇಲ್ಲಿ. ಸುಡುವ ಗೊಂಬೆಗೇ ‘ಗೈ’ ಎನ್ನುವ ರೂಢಿಯನ್ನು ನಿಘಂಟುಕಾರರು 1806ರಿಂದ ಗುರುತಿಸುತ್ತಾರೆ. ಗೊಂಬೆಯ ಬಟ್ಟೆ ಹರಕು, ಅಳತೆ ತಪ್ಪಿದ್ದು, ಟೋಪಿ ವಾರೆ. ಹಾಗಾಗಿ ಹಾಗೆ ಬಟ್ಟೆ ತೊಟ್ಟ ಮನುಷ್ಯನೂ ‘ಗೈ’ ಆದ. ಈ ಅರ್ಥದ ಬಳಕೆ 1830ರ ದಶಕದಲ್ಲಿ ಕಾಣಿಸಿಕೊಳ್ಳುತ್ತದೆ. ವಿಕ್ಟೋರಿಯಾ ರಾಣಿಯ ಕಾಲದ ಇಂಗ್ಲೆಂಡಿನಲ್ಲಿ ಯಾರನ್ನಾದರೂ ‘ಗೈ’ ಎಂದರೆ ಅದು ನೇರವಾದ ಅವಮಾನ. ಅವನು ನೋಡಲು ಬೆದರುಬೊಂಬೆಯಂತಿದ್ದಾನೆ ಎಂದರ್ಥ. ಗೇಲಿ ಮಾಡು ಎಂಬ ಕ್ರಿಯಾಪದವೂ ಆ ಶತಮಾನದಲ್ಲೇ ರೂಪುಗೊಂಡಿತು.

ಒಬ್ಬ ವ್ಯಕ್ತಿಯ ಹೆಸರು ಸಾಮಾನ್ಯ ನಾಮಪದವಾಗುವುದು ಕನ್ನಡಕ್ಕೆ ಹೊಸದಲ್ಲ. ನಾವು ಒಬ್ಬನನ್ನು ಶಕುನಿ ಎನ್ನುತ್ತೇವೆ, ಇನ್ನೊಬ್ಬನನ್ನು ಕುಂಭಕರ್ಣ ಎನ್ನುತ್ತೇವೆ. ಆದರೆ ಅಲ್ಲಿ ಮೂಲದ ಗುಣ ಹೆಸರಿಗೆ ಅಂಟಿಕೊಂಡೇ ಇರುತ್ತದೆ. ಶಕುನಿ ಎಂದರೆ ಕುತಂತ್ರಿ, ಕುಂಭಕರ್ಣ ಎಂದರೆ ನಿದ್ದೆಬುರುಕ. ಗೈ ಫಾಕ್ಸ್‌ನ ಸಂಗತಿಯಲ್ಲಿ ಹಾಗಾಗಲಿಲ್ಲ. ಅವನ ಧೈರ್ಯ, ಮತನಿಷ್ಠೆ, ದ್ರೋಹ ಯಾವುದೂ ಪದದೊಳಗೆ ಇಳಿಯಲಿಲ್ಲ. ಇಳಿದದ್ದು ಮಕ್ಕಳು ಕಟ್ಟಿದ ಗೊಂಬೆಯ ಹರಕು ಬಟ್ಟೆ ಮಾತ್ರ. ಮನುಷ್ಯನಿಗೂ ಪದಕ್ಕೂ ನಡುವೆ ಗೊಂಬೆ ಬಂದು ನಿಂತದ್ದರಿಂದಲೇ ಮುಂದೆ ಪದ ಅಷ್ಟು ಸುಲಭವಾಗಿ ಕಳಚಿಕೊಂಡಿತು.

ಕಡಲು ದಾಟಿದ ಮೇಲೆ

ಬೈಗುಳವೊಂದು ಹೇಗೆ ‘ಒಬ್ಬ ಮನುಷ್ಯ’ ಎಂಬ ಸಾದಾ ಅರ್ಥಕ್ಕೆ ಇಳಿಯಿತು ಎಂಬುದೇ ಈ ಕಥೆಯ ಅತ್ಯಂತ ಕುತೂಹಲದ ತಿರುವು. ಆ ಬದಲಾವಣೆ ನಡೆದದ್ದು ಮುಖ್ಯವಾಗಿ ಅಮೆರಿಕದಲ್ಲಿ, 19ನೇ ಶತಮಾನದ ನಡುವಿನಿಂದ ಆಚೆಗೆ. ಅಲ್ಲಿಯೂ ಮೊದಲು ನವೆಂಬರ್ 5ರ ಹಬ್ಬವಿತ್ತು. ಬಾಸ್ಟನ್ನಿನಲ್ಲಿ ಅದನ್ನು ಪೋಪ್ ದಿನ ಎನ್ನುತ್ತಿದ್ದರು. ಊರಿನ ಉತ್ತರ, ದಕ್ಷಿಣ ಕೇರಿಗಳ ಹುಡುಗರು ತಂತಮ್ಮ ಪ್ರತಿಕೃತಿಗಳನ್ನು ಹೊತ್ತು ಬಡಿದಾಡುತ್ತಿದ್ದರು. 1775ರ ನವೆಂಬರ್ 5ರಂದು ಜಾರ್ಜ್ ವಾಷಿಂಗ್ಟನ್ ತನ್ನ ಸೈನ್ಯದಲ್ಲಿ ಪೋಪ್‌ನ ಪ್ರತಿಕೃತಿ ಸುಡುವುದನ್ನು ಬಾಲಿಶವೆಂದು ಖಂಡಿಸಿ ಆಜ್ಞೆ ಹೊರಡಿಸಿದ. ಕೆನಡಾದ ಕ್ಯಾಥೊಲಿಕರ ಸ್ನೇಹ ಬೇಕಾಗಿದ್ದ ಹೊತ್ತಿನಲ್ಲಿ ಅವರ ಧರ್ಮಗುರುವನ್ನು ಸುಡುವುದು ತಕ್ಕುದಾಗಿರಲಿಲ್ಲ. ಸ್ವಾತಂತ್ರ್ಯದ ನಂತರ ಇಂಗ್ಲೆಂಡಿನ ದೊರೆ ಉಳಿದದ್ದಕ್ಕೆ ಹಬ್ಬ ಮಾಡುವ ಕಾರಣವೂ ಉಳಿಯಲಿಲ್ಲ.

ಹಬ್ಬ ಹೋದ ಮೇಲೆ ಗೊಂಬೆಯ ನೆನಪೂ ಹೋಯಿತು. ಪದದ ಕುಟುಕು ಇದ್ದದ್ದು ಆ ಗೊಂಬೆಯಲ್ಲಿ. ಅದನ್ನು ಕಾಣದ ನೆಲದಲ್ಲಿ ಉಳಿದದ್ದು ‘ಅವನೊಬ್ಬ’ ಎನ್ನುವಷ್ಟು ತೆಳುವಾದ ಅರ್ಥ. ಈ ಪದದ ಚರಿತ್ರೆಗೆ ಇಡೀ ಪುಸ್ತಕವನ್ನೇ ಮೀಸಲಿಟ್ಟ ಅಮೆರಿಕದ ವಿದ್ವಾಂಸ ಆಲನ್ ಮೆಟ್‌ಕಾಫ್ (ಆಕ್ಸ್‌ಫರ್ಡ್ ಪ್ರಕಟಿಸಿದ ಅವರ ಪುಸ್ತಕ ಬಂದದ್ದು 2019ರಲ್ಲಿ) ಗೈ ಫಾಕ್ಸ್‌ನಿಂದಲೇ ಪದದ ಇಂದಿನ ಅರ್ಥಗಳನ್ನೆಲ್ಲ ಬಿಡಿಸುತ್ತಾ ಬರುತ್ತಾರೆ. ಯೆಹೂದಿಯರ ಯಿಡ್ಡಿಷ್ ಭಾಷೆಯಲ್ಲಿ ಅನ್ಯಮತೀಯನಿಗೆ ಹೇಳುವ ‘ಗೋಯ್’ ಪದದಿಂದ ‘ಗೈ’ ಬಂತೆಂಬ ಊಹೆಯೂ ಚಾಲ್ತಿಯಲ್ಲಿದೆ. ಯಿಡ್ಡಿಷ್ ಆಡುವ ಜನ ದೊಡ್ಡ ಸಂಖ್ಯೆಯಲ್ಲಿ ಅಮೆರಿಕಕ್ಕೆ ಬಂದದ್ದು 1880ರ ಆಚೆಗೆ. ಗಂಡಸು ಎಂಬ ಅರ್ಥದ ‘ಗೈ’ 1847ರಷ್ಟು ಹಿಂದೆಯೇ ದಾಖಲಾಗಿದೆ. ಹಾಗಾಗಿ ಆ ಊಹೆ ನಿಲ್ಲುವುದಿಲ್ಲ.

ಹೆಸರಿನಿಂದ ಮನುಷ್ಯನಿಗೆ ಹೊರಟ ಪಯಣಕ್ಕೆ ನಮ್ಮಲ್ಲೂ ಒಂದು ಜೋಡಿ ಇದೆ, ‘ಆಸಾಮಿ’. ಅರಬ್ಬಿಯಲ್ಲಿ ‘ಇಸ್ಮ್’ ಎಂದರೆ ಹೆಸರು. ‘ಅಸಾಮಿ’ ಅದರ ಬಹುವಚನ. ಕಂದಾಯದ ದಫ್ತರದಲ್ಲಿ ಬರೆದ ಹೆಸರುಗಳ ಪಟ್ಟಿಯಿಂದ ಅದು ಗೇಣಿದಾರನಿಗೆ, ಸಾಲಗಾರನಿಗೆ ಅಂಟಿ, ಕೊನೆಗೆ ‘ಭಾರೀ ಆಸಾಮಿ ಕಣಪ್ಪ’ ಎನ್ನುವಲ್ಲಿಗೆ ಬಂತು. ‘ಗಿರಾಕಿ’ಯದೂ ಇಂಥದೇ ದಾರಿ. ಅಂಗಡಿಗೆ ಬರುವ ಕೊಳ್ಳುಗನಾಗಿದ್ದವನು ‘ಒಳ್ಳೆ ಗಿರಾಕಿ ಸಿಕ್ಕಿದ’ ಎಂಬಲ್ಲಿ ಬರೀ ಮನುಷ್ಯನಾದ. ಇಂಗ್ಲಿಷಿನ ‘ಚ್ಯಾಪ್’ ಕೂಡ ವ್ಯಾಪಾರಿ ಎಂಬ ಅರ್ಥದ ಪದದ ತುಂಡಾಗಿದ್ದು, ಕೊಳ್ಳುಗ ಎಂಬ ಅರ್ಥವನ್ನು ಹಾದು ಬಂದದ್ದು. ‘ಫೆಲೊ’ ಮೊದಲು ವ್ಯವಹಾರಕ್ಕೆ ಹಣ ಹೂಡಿದ ಪಾಲುದಾರ. ಮನುಷ್ಯನನ್ನು ಸಲಿಗೆಯಿಂದ ಕರೆಯುವ ಪದಗಳು ಸಂತೆ, ದಫ್ತರ, ಬೀದಿಯ ಹಬ್ಬಗಳಲ್ಲಿ ಹುಟ್ಟುತ್ತವೆ. ಗ್ರಂಥಗಳಿಂದ ಬರುವುದು ಅಪರೂಪ.

ಏಕವಚನದ ಬಗೆಗಳು

20ನೇ ಶತಮಾನದ ಅಮೆರಿಕದಲ್ಲಿ ‘ಗೈ’ ಜೋಡಿಪದಗಳಲ್ಲಿ ಹರಡಿತು. ತನಗೆಲ್ಲ ಗೊತ್ತೆಂದು ಬೀಗುವವನು ‘ವೈಸ್ ಗೈ’. ಮಾಫಿಯಾ ಮಾತಿನಲ್ಲಿ ಅದೇ ಪದ ತಂಡದ ಸದಸ್ಯನಿಗೂ ನಡೆಯುತ್ತದೆ. ನಿಕೊಲಸ್ ಪಿಲೆಗ್ಗಿ 1985ರಲ್ಲಿ ಬರೆದ ಪುಸ್ತಕಕ್ಕೆ ಅದೇ ಹೆಸರಿಟ್ಟರು. ಮಾರ್ಟಿನ್ ಸ್ಕೊರ್ಸೆಸಿ 1990ರಲ್ಲಿ ಅದನ್ನು ‘ಗುಡ್‌ಫೆಲಾಸ್’ ಎಂಬ ಸಿನಿಮಾ ಮಾಡಿದರು. ಬೇರೆಯವರ ತಪ್ಪನ್ನು ತಲೆಗೆ ಕಟ್ಟಿಸಿಕೊಳ್ಳುವವನು ‘ಫಾಲ್ ಗೈ’. ಕೌಬಾಯ್ ಸಿನಿಮಾಗಳಿಂದ ಹಿಡಿದು ಪೊಲೀಸರ ಮಾತಿನವರೆಗೆ ‘ಗುಡ್ ಗೈ’, ‘ಬ್ಯಾಡ್ ಗೈ’ ಎಂಬ ಎರಡು ಪಕ್ಷಗಳು. ಇಂಗ್ಲೆಂಡಿನಲ್ಲಿ ಅವಮಾನವಾಗಿದ್ದ ಪದ ಅಮೆರಿಕದಲ್ಲಿ ‘ರೆಗ್ಯುಲರ್ ಗೈ’ ಆಗಿ, ಬಿಗುಮಾನವಿಲ್ಲದ ಒಳ್ಳೆಯ ಮನುಷ್ಯ ಎಂಬ ಹೊಗಳಿಕೆಯಾಯಿತು. ಹಾಲಿವುಡ್ ಮತ್ತು ಟಿವಿಯ ಮೂಲಕ ಈ ಅಮೆರಿಕನ್ ಅರ್ಥವೇ ಬ್ರಿಟನ್ನಿಗೆ ಮರಳಿ ಹೋಗಿ, ಅಲ್ಲಿನ ಹಳೆಯ ಕುಟುಕನ್ನು ಬಹುತೇಕ ಅಳಿಸಿಹಾಕಿದೆ.

ಇವುಗಳಿಗಿಂತ ಸೂಕ್ಷ್ಮವಾದದ್ದು ಕಸುಬಿನ ‘ಗೈ’. ಕೇಬಲ್ ಗೈ, ಡೆಲಿವರಿ ಗೈ, ಐಟಿ ಗೈ. ಇದಕ್ಕೆ ಕನ್ನಡದಲ್ಲಿ ಬೇರೆ ಪದವೇ ಬೇಡ, ಪ್ರತ್ಯಯ ಸಾಕು. ಹಾಲಿನವನು, ಪೇಪರಿನವನು, ಕೇಬಲ್‌ನವನು. ಎರಡೂ ಭಾಷೆಗಳಲ್ಲಿ ಇದರ ಬೆಲೆ ಒಂದೇ: ಮನುಷ್ಯನ ಹೆಸರು ಅಳಿಸಿ ಕೆಲಸ ಮಾತ್ರ ಉಳಿಯುತ್ತದೆ. ಗಿಗ್ ಕೆಲಸದ ಈ ಕಾಲದಲ್ಲಿ, ಬಾಗಿಲ ಬಳಿ ಬಂದು ನಿಂತವನ ಹೆಸರು ಮೊಬೈಲ್ ಪರದೆಯ ಮೇಲೆ ಸ್ಪಷ್ಟವಾಗಿ ಕಾಣುತ್ತಿದ್ದರೂ ನಾವು ಮನೆಯೊಳಕ್ಕೆ ತಿರುಗಿ ‘ಡೆಲಿವರಿಯವನು ಬಂದ’ ಎನ್ನುತ್ತೇವೆ. ಪದ ತಪ್ಪಲ್ಲ. ಆದರೆ ಅದು ಏನನ್ನು ಮರೆಸುತ್ತದೆ ಎಂಬುದು ನಮಗೆ ನೆನಪಿರಬೇಕು.

ಇನ್ನೂ ಆಚೆಗೆ ಹೋದರೆ ‘ಗೈ’ ಮನುಷ್ಯನನ್ನೇ ಬಿಟ್ಟುಬಿಡುತ್ತದೆ. ನಾಯಿಮರಿಗೆ, ಕುಂಡದ ಗಿಡಕ್ಕೆ, ಯಂತ್ರದ ಪುಟ್ಟ ಬಿಡಿಭಾಗಕ್ಕೆ ಅಮೆರಿಕನ್ನರು ಪ್ರೀತಿಯಿಂದ ‘ದಿಸ್ ಲಿಟ್ಲ್ ಗೈ’ ಎನ್ನುತ್ತಾರೆ. ಗಣಿತದ ತರಗತಿಯಲ್ಲಿ ಮೇಷ್ಟ್ರು ಸಮೀಕರಣದ ಒಂದು ಪದದ ಮೇಲೆ ಬೆರಳಿಟ್ಟು ‘ದಿಸ್ ಗೈ’ಯನ್ನು ಆಚೆ ಬದಿಗೆ ಒಯ್ಯೋಣ ಎನ್ನುವುದು ಸಾಮಾನ್ಯ. ಪುಲ್ಲಿಂಗ ಇಲ್ಲಿ ತೀರಾ ತೆಳುವಾಗಿದೆ, ಆದರೂ ಇಲ್ಲವಾಗಿಲ್ಲ. ಆ ನಾಯಿಮರಿ ಹೆಣ್ಣೆಂದು ಗೊತ್ತಾದ ಕೂಡಲೇ ಅನೇಕರು ‘ಗೈ’ ಬಿಟ್ಟು ‘ಗರ್ಲ್’ ಎನ್ನುತ್ತಾರೆ.

ಖಾಲಿ ಬಿದ್ದಿದ್ದ ಜಾಗ

ಈಗ ಬಹುವಚನಕ್ಕೆ ಬರೋಣ. ‘ಯು ಗೈಸ್’ ಇಷ್ಟು ಬೆಳೆದದ್ದಕ್ಕೆ ಕಾರಣ ಪದದ ಚೆಲುವಲ್ಲ, ಇಂಗ್ಲಿಷ್ ವ್ಯಾಕರಣದಲ್ಲಿ ಬಿದ್ದಿದ್ದ ಒಂದು ತೂತು. ಹಳೆಯ ಇಂಗ್ಲಿಷಿನಲ್ಲಿ ಒಬ್ಬನಿಗೆ ‘ದೌ’, ಹಲವರಿಗೆ ‘ಯೀ’ ಮತ್ತು ‘ಯು’ ಇದ್ದವು. ಫ್ರೆಂಚರ ಪ್ರಭಾವದಿಂದ ಗೌರವಕ್ಕಾಗಿ ಒಬ್ಬನಿಗೂ ‘ಯು’ ಎನ್ನುವುದು ಶುರುವಾಯಿತು. ಮೊದಲು ದೊರೆಗೆ, ಆಮೇಲೆ ಧಣಿಗೆ, ಕೊನೆಗೆ ಎಲ್ಲರಿಗೂ. 17ನೇ ಶತಮಾನದ ಕ್ವೇಕರ್ ಪಂಥದವರು ದೇವರ ಮುಂದೆ ಎಲ್ಲರೂ ಸಮಾನರೆಂದು ಹೇಳಿ ನ್ಯಾಯಾಧೀಶನಿಗೂ ‘ದೌ’ ಎಂದೇ ಕರೆದು ಏಟು, ಸೆರೆಮನೆ ಎಲ್ಲವನ್ನೂ ಕಂಡರು. ಸಂಬೋಧನೆಯ ಪದಕ್ಕಾಗಿ ಜಗಳ ಈ ಕಾಲದ ಅತಿಸೂಕ್ಷ್ಮತೆ ಎನ್ನುವವರು ಆ ಕ್ವೇಕರರನ್ನು ನೆನೆಯಬೇಕು. ಅಂತೂ ‘ದೌ’ ದಿನಬಳಕೆಯಿಂದ ಮರೆಯಾಯಿತು. ‘ಯು’ ಒಬ್ಬನಿಗೋ ಹತ್ತು ಜನಕ್ಕೋ ತಿಳಿಯದಂತಾಯಿತು.

ಈ ಕಷ್ಟ ಕನ್ನಡಿಗರಿಗೆ ಚೆನ್ನಾಗಿ ಗೊತ್ತು. ನಮ್ಮ ‘ನೀವು’ ಬಹುವಚನವೂ ಹೌದು, ಗೌರವದ ಏಕವಚನವೂ ಹೌದು. ಮದುವೆಗೆ ಕರೆಯಲು ಬಂದವರು ‘ನೀವು ಬರಬೇಕು’ ಎಂದರೆ ಯಜಮಾನರೊಬ್ಬರಿಗೋ ಮನೆಮಂದಿಗೆಲ್ಲವೋ ಎಂಬ ಅನುಮಾನ ಉಳಿಯದಿರಲಿ ಎಂದೇ ‘ನೀವೆಲ್ಲ’ ಎನ್ನುತ್ತಾರೆ. ಬಹುವಚನದ ಮೇಲೆ ಬಹುವಚನ ಹೇರಿ ‘ನೀವುಗಳು’ ಎನ್ನುವವರೂ ಇದ್ದಾರೆ. ಇಂಗ್ಲಿಷಿನ ಊರೂರುಗಳೂ ತಂತಮ್ಮ ತೇಪೆ ಹಾಕಿಕೊಂಡವು. ಅಮೆರಿಕದ ದಕ್ಷಿಣದಲ್ಲಿ ‘ಯಾಲ್’, ಪಿಟ್ಸ್‌ಬರ್ಗ್‌ನಲ್ಲಿ ‘ಯಿನ್ಜ್’, ಐರ್ಲೆಂಡ್, ಸ್ಕಾಟ್ಲೆಂಡ್, ಆಸ್ಟ್ರೇಲಿಯಾಗಳಲ್ಲಿ ‘ಯೂಝ್’, ಇಂಗ್ಲೆಂಡಿನಲ್ಲಿ ‘ಯು ಲಾಟ್’. ಎಲ್ಲಕ್ಕಿಂತ ದೂರ ಹೋದದ್ದು ‘ಯು ಗೈಸ್’. ಭಾಷಾವಿಜ್ಞಾನಿ ಬರ್ಟ್ ವಾಕ್ಸ್ 2003ರ ಹೊತ್ತಿಗೆ ನಡೆಸಿದ ಅಮೆರಿಕದ ಉಪಭಾಷೆಗಳ ಸಮೀಕ್ಷೆಯಲ್ಲಿ, ಗುಂಪನ್ನು ಹೇಗೆ ಕರೆಯುತ್ತೀರಿ ಎಂಬ ಪ್ರಶ್ನೆಗೆ ನೂರಕ್ಕೆ ನಲವತ್ತಕ್ಕೂ ಹೆಚ್ಚು ಜನ ಕೊಟ್ಟ ಉತ್ತರ ಅದೇ.

ಅದು ಎಷ್ಟರಮಟ್ಟಿಗೆ ಸರ್ವನಾಮವಾಗಿದೆ ಎಂಬುದಕ್ಕೆ ಷಷ್ಠಿಯನ್ನು ನೋಡಬೇಕು. ‘ನಿಮ್ಮ ಮನೆ’ ಎಂದು ಬಹುವಚನದಲ್ಲಿ ಹೇಳಲು ಅಮೆರಿಕನ್ನರು ತಡವರಿಸುತ್ತಾರೆ. ಕೆಲವರು ‘ಯು ಗೈಸಸ್ ಹೌಸ್’ ಎನ್ನುತ್ತಾರೆ, ಕೆಲವರು ‘ಯೋರ್ ಗೈಸಸ್ ಹೌಸ್’ ಎನ್ನುತ್ತಾರೆ. ಎರಡನೆಯದರಲ್ಲಿ ವಿಭಕ್ತಿ ಎರಡು ಕಡೆ ಬಂದಿದೆ. ಶಾಲೆಯ ವ್ಯಾಕರಣ ಎರಡನ್ನೂ ಒಪ್ಪುವುದಿಲ್ಲ. ಆದರೆ ಎರಡು ಪದಗಳು ಬೆಸೆದು ಒಂದು ಸರ್ವನಾಮವಾಗುತ್ತಿರುವಾಗ ಇಂಥ ತಡವರಿಕೆ ಸಹಜ. ಭಾಷೆಯೊಂದು ಕಣ್ಣೆದುರೇ ಹೊಸ ಅಂಗ ಬೆಳೆಸಿಕೊಳ್ಳುತ್ತಿರುವ ಗುರುತು ಅದು.

ಹೆಣ್ಣುಮಕ್ಕಳು ಎತ್ತಿದ ಪ್ರಶ್ನೆ

ಬಳಕೆಯೇ ಪ್ರಮಾಣ ಎನ್ನುವವರಿಗೆ ಒಳ್ಳೆಯ ಆಧಾರವಿದೆ. 1971ರಲ್ಲಿ ಅಮೆರಿಕದ ಮಕ್ಕಳ ಟಿವಿ ಕಾರ್ಯಕ್ರಮ ‘ದಿ ಎಲೆಕ್ಟ್ರಿಕ್ ಕಂಪನಿ’ಯಲ್ಲಿ ‘ಹೇ ಯು ಗೈಸ್’ ಎಂದು ಗಂಟಲು ಹರಿಯುವಂತೆ ಕೂಗಿ ದೇಶದ ಹುಡುಗ ಹುಡುಗಿಯರನ್ನೆಲ್ಲ ಕರೆದದ್ದು ರೀಟಾ ಮೊರೆನೊ ಎಂಬ ನಟಿ. ಹೆಂಗಸರು ಹೆಂಗಸರನ್ನೇ ‘ಗೈಸ್’ ಎನ್ನುವುದು ಅಲ್ಲಿ ದಿನದ ಮಾತು.

ಆದರೂ ಒಪ್ಪದವರ ವಾದ ಹಗುರವಲ್ಲ. ‘ದಿ ಕಲರ್ ಪರ್ಪಲ್’ ಕಾದಂಬರಿಯ ಲೇಖಕಿ ಆಲಿಸ್ ವಾಕರ್, ಹೆಣ್ಣುಮಕ್ಕಳನ್ನು ಗಂಡಸರ ಪದದಿಂದ ಕರೆಯುವುದು ಅವರ ಇರವನ್ನೇ ಅಳಿಸುತ್ತದೆ ಎಂಬ ಕಾಳಜಿಯಿಂದ 1990ರ ದಶಕದಲ್ಲೇ ಪ್ರಬಂಧ ಬರೆದರು. ಸಮಾಜಶಾಸ್ತ್ರಜ್ಞೆ ಶೆರಿಲ್ ಕ್ಲೈನ್‌ಮನ್ ತಮ್ಮ ವಿದ್ಯಾರ್ಥಿಗಳೊಡನೆ ಈ ಪದದ ವಿರುದ್ಧ ವರ್ಷಗಟ್ಟಲೆ ವಾದಿಸಿದರು. ಅರಿವಿನ ವಿಜ್ಞಾನಿ ಡಗ್ಲಸ್ ಹಾಫ್‌ಸ್ಟಾಡ್ಟರ್, ಎಲ್ಲರನ್ನೂ ಒಳಗೊಳ್ಳುವವೆಂದು ಹೇಳಿಕೊಳ್ಳುವ ಪುರುಷವಾಚಕ ಪದಗಳು ಕೇಳುವವರ ಮನಸ್ಸಿನಲ್ಲಿ ಮೂಡಿಸುವ ಚಿತ್ರ ಗಂಡಸಿನದೇ ಎಂಬುದನ್ನು 1980ರ ದಶಕದ ಲೇಖನಗಳಲ್ಲಿ ತೋರಿಸಿದರು. ಇತ್ತೀಚಿನ ವರ್ಷಗಳಲ್ಲಿ ಅನೇಕ ಕಚೇರಿಗಳು ಇದರ ಬದಲು ‘ಫೋಕ್ಸ್’, ‘ಟೀಮ್’, ‘ಎವ್ರಿವನ್’ ಬಳಸಿರೆಂದು ಸಿಬ್ಬಂದಿಗೆ ಸೂಚಿಸತೊಡಗಿವೆ.

ಎರಡೂ ಕಡೆಯ ಮಾತು ಕೇಳಿದ ಮೇಲೆ ವಾಕ್ಯಗಳನ್ನೇ ಹತ್ತಿರದಿಂದ ನೋಡುವುದು ಒಳಿತು. ಎದುರಿಗಿರುವವರನ್ನು ‘ಗೈಸ್, ಊಟಕ್ಕೆ ಹೋಗೋಣ’ ಎಂದು ಕರೆದರೆ ಹೆಂಗಸರೂ ಏಳುತ್ತಾರೆ. ‘ಆ ಗೈಸ್ ಇನ್ನೂ ಬಂದಿಲ್ಲ’ ಎಂದಾಗ ಅರ್ಥ ಆಚೀಚೆ ಓಲಾಡುತ್ತದೆ. ‘ಅವಳು ಎಷ್ಟೋ ಗೈಸ್ ಜೊತೆ ಓಡಾಡಿದ್ದಾಳೆ’ ಎಂದರೆ ಗಂಡಸರು ಮಾತ್ರ. ‘ಒಬ್ಬ ಗೈ ಬಂದಿದ್ದ’ ಎಂದರೆ ಬಂದದ್ದು ಹೆಂಗಸೆಂದು ಯಾರೂ ತಿಳಿಯರು. ಅಂದರೆ ಪದದ ಲಿಂಗ ಸಂಬೋಧನೆಯಲ್ಲಿ ಕರಗಿದೆ, ಪ್ರಥಮ ಪುರುಷದಲ್ಲಿ ಅರೆಬರೆ ಕರಗಿದೆ, ಏಕವಚನದಲ್ಲಿ ಗಟ್ಟಿಯಾಗಿಯೇ ಇದೆ. ‘ಗೈಸ್ ಎಲ್ಲರಿಗೂ ಸಲ್ಲುತ್ತದೆ’ ಎಂಬುದೂ ‘ಗೈಸ್ ಗಂಡಸರದ್ದು’ ಎಂಬುದೂ ಅರ್ಧರ್ಧ ಸತ್ಯ. ಎರಡೂ ಪಕ್ಷಗಳು ಬೇರೆಬೇರೆ ವಾಕ್ಯಗಳನ್ನು ಹಿಡಿದು ವಾದಿಸುತ್ತಿವೆ.

ಮನುಷ್ಯವಾಚಕಗಳಲ್ಲಿ ಕನ್ನಡದ ವ್ಯಾಕರಣವೂ ಹೀಗೇ ಕಟ್ಟಿಕೊಂಡಿದೆ. ಏಕವಚನದಲ್ಲಿ ಬಂದನು, ಬಂದಳು ಎಂಬ ಭೇದ; ಬಹುವಚನದಲ್ಲಿ ಎಲ್ಲರಿಗೂ ಬಂದರು. ಆದರೆ ಒಂದು ದೊಡ್ಡ ವ್ಯತ್ಯಾಸವಿದೆ. ನಮ್ಮ ‘ಅರು’ ಪ್ರತ್ಯಯ ‘ಅವನು’ ಎಂಬುದಕ್ಕೆ ಎಷ್ಟು ಹತ್ತಿರವೋ ‘ಅವಳು’ ಎಂಬುದಕ್ಕೂ ಅಷ್ಟೇ ಹತ್ತಿರ. ‘ಗೈಸ್’ ಮಾತ್ರ ಗಂಡಸಿನ ಏಕವಚನಕ್ಕೆ ಬಹುವಚನ ಅಂಟಿಸಿ ಮಾಡಿದ್ದು. ಹೆಣ್ಣುಮಗಳು ಆ ಗುಂಪಿನೊಳಗೆ ಬರುತ್ತಾಳೆ, ಒಬ್ಬಳೇ ಆದಾಗ ಆ ಪದ ಅವಳದ್ದಲ್ಲ.

ಕನ್ನಡದ ಬಾಯಲ್ಲಿ ಗೈಸ್

ವ್ಯಾಕರಣದ ತೂತು ಮುಚ್ಚಲು ಕನ್ನಡಕ್ಕೆ ‘ಗೈಸ್’ ಬೇಕಿರಲಿಲ್ಲ. ಆಕಾಶವಾಣಿ ‘ಕೇಳುಗರೇ’ ಎಂದಿತು, ದೂರದರ್ಶನ ‘ವೀಕ್ಷಕರೇ’ ಎಂದಿತು. ಎರಡೂ ಲಿಂಗಭೇದವಿಲ್ಲದ ಕರೆಗಳು. ವೇದಿಕೆಯಲ್ಲಿ ‘ಬಂಧುಗಳೇ’, ‘ಸ್ನೇಹಿತರೇ’ ಇವೆ. ಆದರೂ ಯೂಟ್ಯೂಬಿನ ಹುಡುಗ ಹುಡುಗಿಯರು ‘ಗೈಸ್’ ಹಿಡಿದದ್ದಕ್ಕೆ ಕಾರಣವಿದೆ. ‘ಸ್ನೇಹಿತರೇ’ ಎಂದ ಕೂಡಲೇ ಮೈಕು, ಭಾಷಣ ನೆನಪಾಗುತ್ತವೆ. ಅಣ್ಣ, ಅಕ್ಕ, ಸರ್, ಮೇಡಂ ಎಂದರೆ ವಯಸ್ಸು, ಅಂತಸ್ತು ಒಳಗೆ ಬರುತ್ತವೆ. ಪರಿಚಯವೇ ಇಲ್ಲದ, ವಯಸ್ಸು ಗೊತ್ತಿಲ್ಲದ ಸಾವಿರಾರು ಜನರನ್ನು ಸಮಾನರಂತೆ ಸಲಿಗೆಯಿಂದ ಕರೆಯುವ ಪದ ನಮ್ಮಲ್ಲಿ ಕಡಿಮೆ. ಆ ಕೊರತೆ ನಿಜವಾದದ್ದು. ಹೊಸ ಪೀಳಿಗೆಯನ್ನು ಗದರಿಸಿ ಅದನ್ನು ತುಂಬಲಾಗದು.

ಸಲಿಗೆ ಬಂದಲ್ಲೆಲ್ಲ ಕನ್ನಡವೂ ಗಂಡಿನ ಕಡೆ ವಾಲುತ್ತದೆ ಎಂಬುದನ್ನೂ ಒಪ್ಪಿಕೊಳ್ಳಬೇಕು. ಹುಡುಗರಿಗೆ ‘ಬನ್ರೋ’, ಹುಡುಗಿಯರಿಗೆ ‘ಬನ್ರೇ’. ಇಬ್ಬರೂ ಇರುವ ಕಾಲೇಜು ಗುಂಪಿನಲ್ಲಿ ಹೆಚ್ಚಾಗಿ ಕೇಳಿಬರುವುದು ‘ಬನ್ರೋ’. ಹೆಂಗಸು ಹೆಂಗಸಿಗೇ ‘ಇಲ್ಲಪ್ಪ, ನಂಗೊತ್ತಿಲ್ಲ’ ಎನ್ನುವಾಗ ‘ಅಪ್ಪ’ ತನ್ನ ಲಿಂಗವನ್ನು ಪೂರ್ತಿ ಕಳೆದುಕೊಂಡಿದೆ. ‘ಮಗಾ’ ಕೂಡ ಬೆಂಗಳೂರಿನ ಎಳೆಯರ ಬಾಯಲ್ಲಿ ಹುಡುಗಿಯರವರೆಗೂ ಹೋಗಿದೆ. ಇದಕ್ಕೆ ಬೇರೆ ದಾರಿ ತೋರುವುದು ಕರಾವಳಿ, ಮಲೆನಾಡಿನ ಮಾತು. ಅಲ್ಲಿ ಮಾರಾಯ, ಮಾರಾಯ್ತಿ ಎಂಬ ಜೋಡಿ ಇದೆ. ಬಹುವಚನಕ್ಕೂ ಗೌರವಕ್ಕೂ ‘ಮಾರಾಯ್ರೆ’ ಇದೆ. ‘ಎಂತ ಮಾರಾಯ್ರೆ’ ಎಂದರೆ ಸಲಿಗೆ, ಮರ್ಯಾದೆ, ಪ್ರೀತಿ ಮೂರೂ ಸೇರಿ ಗಂಡಿಗೂ ಹೆಣ್ಣಿಗೂ ಸಮವಾಗಿ ಸಲ್ಲುತ್ತದೆ. ‘ಗೈಸ್’ ಮಾಡಬೇಕೆಂದಿರುವ ಕೆಲಸವನ್ನು ಆ ನಮ್ಮ ಪದ ಹೆಚ್ಚು ನ್ಯಾಯವಾಗಿ ಮಾಡುತ್ತಿದೆ.

ಎಲ್ಲಿಗೆ ಬಂದು ನಿಂತೆವು

ಪದದ ಮೂಲ ಈ ವಾದವನ್ನು ಬಗೆಹರಿಸುವುದಿಲ್ಲ. ಮೂಲವೇ ಪ್ರಮಾಣವಾಗಿದ್ದರೆ ‘ಗೈ’ ಎಂದವನು ಇವತ್ತಿಗೂ ಬೆದರುಗೊಂಬೆಯನ್ನು ಕರೆಯುತ್ತಿರಬೇಕಿತ್ತು. ಗೈ ಫಾಕ್ಸ್‌ನ ಮುಖವೂ ಅರ್ಥ ಬದಲಿಸಿದೆ. ಆಲನ್ ಮೂರ್ ಮತ್ತು ಡೇವಿಡ್ ಲಾಯ್ಡ್ 1982ರಲ್ಲಿ ಆರಂಭಿಸಿದ ‘ವಿ ಫಾರ್ ವೆಂಡೆಟಾ’ ಕಾಮಿಕ್ಸ್ ಮತ್ತು 2006ರಲ್ಲಿ ತೆರೆಕಂಡ ಅದರ ಸಿನಿಮಾದಿಂದ ಹೊರಬಂದ ಮುಖವಾಡ 2011ರ ‘ಆಕ್ಯುಪೈ’ ಚಳವಳಿಯಲ್ಲಿ, 2012ರಲ್ಲಿ ಅಂತರ್ಜಾಲ ನಿರ್ಬಂಧದ ವಿರುದ್ಧ ಭಾರತದ ನಗರಗಳಲ್ಲಿ ನಡೆದ ಪ್ರತಿಭಟನೆಗಳಲ್ಲಿ ಎದ್ದು ನಿಂತಿತು. ಸುಡಲೆಂದು ಮಾಡುತ್ತಿದ್ದ ಮುಖವನ್ನು ಜನ ತಮ್ಮ ಮುಖಕ್ಕೆ ಹಾಕಿಕೊಂಡರು.

ಬಳಕೆ ವ್ಯಾಪಕವಾಗಿದೆ ಎಂಬುದೊಂದೇ ಕಾರಣವೂ ಸಾಲದು. ಒಂದು ಪದ ಎಲ್ಲರದ್ದಾಗಿದೆಯೇ ಎಂಬುದಕ್ಕೆ ಏಕವಚನವೇ ಪರೀಕ್ಷೆ. ‘ಒಬ್ಬ ಗೈ ಬಂದಿದ್ದ’ ಎಂದಾಗ ಬಂದವರು ಹೆಂಗಸೂ ಇರಬಹುದೆಂದು ಕೇಳುಗರಿಗೆ ತೋಚುವ ದಿನ ಬಂದರೆ ‘ಗೈಸ್’ ನಿಜವಾಗಿ ಎಲ್ಲರದ್ದು. ಆ ದಿನ ಬರಬಹುದು. ಇನ್ನೂರು ವರ್ಷಗಳಲ್ಲಿ ಗೊಂಬೆಯಿಂದ ಸರ್ವನಾಮದವರೆಗೆ ನಡೆದ ಪದಕ್ಕೆ ಇದು ದೂರದ ದಾರಿಯೇನಲ್ಲ.

ಅಲ್ಲಿಯವರೆಗೆ ಯಾರು, ಯಾರಿಗೆ ಹೇಳುತ್ತಿದ್ದಾರೆ ಎಂಬುದೇ ಮುಖ್ಯ. ಗೆಳತಿಯರು ತಮ್ಮ ನಡುವೆ ‘ಗೈಸ್’ ಎಂದುಕೊಂಡರೆ ಅದು ಅವರ ಸಲಿಗೆ, ಅದರಲ್ಲಿ ಬೇರೆಯವರು ಕೈಯಾಡಿಸಬೇಕಿಲ್ಲ. ಆದರೆ ತರಗತಿಯ ಮುಂದೆ ನಿಂತ ಮೇಷ್ಟ್ರಿಗೆ, ಹದಿನೈದು ಗಂಡಸರ ನಡುವೆ ಇಬ್ಬರು ಹೆಂಗಸರಿರುವ ತಂಡದ ಮುಖ್ಯಸ್ಥನಿಗೆ ಆ ಸಲಿಗೆ ತಾನಾಗಿ ದೊರೆಯುವುದಿಲ್ಲ. ಆ ಇಬ್ಬರು ತಾವೂ ಲೆಕ್ಕದಲ್ಲಿದ್ದೇವೆಯೇ ಎಂದು ಪ್ರತಿಸಲವೂ ಮನಸ್ಸಿನಲ್ಲೇ ಅನುವಾದ ಮಾಡಿಕೊಳ್ಳಬೇಕಾದರೆ ಆ ಶ್ರಮ ಅವರ ಮೇಲೇಕೆ ಬೀಳಬೇಕು? ‘ಎಲ್ಲರೂ ಬನ್ನಿ’ ಎನ್ನಲು ಕನ್ನಡದಲ್ಲಿ ಎರಡೇ ಪದ ಸಾಕು, ಅದರಲ್ಲಿ ಯಾರೂ ಹೊರಗುಳಿಯುವುದಿಲ್ಲ. ಅದೇ ಕರೆಗೆ ಬಿಗುಮಾನ ಬಿಟ್ಟ ಬೆಚ್ಚಗಿನ ದನಿ ಕೊಡುವುದು ವಿಡಿಯೊ ಮಾಡುವ, ಪಾಠ ಹೇಳುವ, ತಂಡ ನಡೆಸುವ ಇಂದಿನ ಕನ್ನಡಿಗರ ಕೈಯಲ್ಲಿದೆ. ಗುಂಪನ್ನು ಕರೆಯುವಾಗ ಒಳಗಿರುವ ಪ್ರತಿಯೊಬ್ಬರಿಗೂ ತನ್ನನ್ನೇ ಕರೆದರು ಎನಿಸಬೇಕು. ಯಾವ ಭಾಷೆಯ ಪದವಾದರೂ ಸರಿ, ಅಷ್ಟು ಮಾಡುವ ಪದವನ್ನೇ ನಾವು ಆರಿಸಿಕೊಳ್ಳೋಣ.